ಗೋಪಿನಾಥರ ದೇವರಮನೆಯ ಆಮೆ

ಬೇಸಿಗೆಯಲ್ಲಿ ಮಹಡಿ ಮೇಲಿನ ಕುಂಡಗಳಿಗೆ ಒಳ್ಳೆಯ ಮಣ್ಣು ಹುಡುಕುವುದು ಒಂದು ತಲೆನೋವು. ತೆಲುಗು ನಾಡಿನ ಶಂಶಾಬಾದಿನಲ್ಲಿ ಮನೆ ಕಟ್ಟಿಸಿಕೊಂಡಿರುವ ಗೋಪಿನಾಥರಿಗೆ ಮಾತ್ರ ಆ ಚಿಂತೆಯಿಲ್ಲ. ಅವರು ರಾಯಚೂರು ಕಡೆಯವರು. ಕೆರೆ ಬತ್ತಿದಾಗ ಹೂಳು ತಂದು ಹೊಲಕ್ಕೆ ಹಾಕುವುದು ಅವರ ಊರಿನ ರೂಢಿ. ಹೊಲ ಹೋಗಿ ಎಷ್ಟೋ ವರ್ಷವಾಗಿದೆ, ರೂಢಿ ಹೋಗಿಲ್ಲ.

ಏಪ್ರಿಲ್‌ನಲ್ಲಿ ಕಾಲೋನಿ ಹಿಂದಿನ ಕುಂಟೆ, ಅಂದರೆ ಸಣ್ಣ ಕೆರೆ, ಒಣಗಿತು. ಗೋಪಿನಾಥರು ಸ್ಕೂಟರ್ ಮೇಲೆ ಎರಡು ಚೀಲ ಹೂಳು ತಂದರು. ಒಂದು ಹೆಂಟೆ ಒಡೆದಾಗ ಒಳಗೆ ಅಂಗೈಯಗಲದ ಆಮೆ ಸಿಕ್ಕಿತು. ಅದೇ ಸಂಜೆ ಮಗಳು ಪೂರ್ವಿಗೆ ವಿಮಾನ ನಿಲ್ದಾಣದಲ್ಲಿ ಕೆಲಸ ಸಿಕ್ಕ ಸುದ್ದಿಯೂ ಬಂತು. ಗೋಪಿನಾಥರಿಗೆ ಅಷ್ಟು ಸಾಕಾಯಿತು.

"ಸಾಕ್ಷಾತ್ ಕೂರ್ಮಾವತಾರ ನಡಕೋತ ಮನಿಗೆ ಬಂದದ" ಎಂದರು. ಅದು ಬಂದದ್ದು ಸ್ಕೂಟರ್ ಮೇಲೆ ಎಂಬುದನ್ನು ಯಾರೂ ನೆನಪಿಸಲಿಲ್ಲ.

ಆಮೆಯನ್ನು ತಿಕ್ಕಿ ತೊಳೆದು, ಗಾಜಿನ ಬೋಗುಣಿಯಲ್ಲಿಟ್ಟು, ದೇವರಮನೆಯ ಉತ್ತರದ ಮೂಲೆಯಲ್ಲಿ ಸ್ಥಾಪಿಸಿದರು. ದಿನಾ ಹೊಸ ನೀರು. ಎರಡು ಹೊತ್ತು ನೈವೇದ್ಯದ ಅನ್ನ, ಬಾಳೆಹಣ್ಣು. ಮೂರು ವಾರ ಆಮೆ ಗಾಜಿನ ತಳವನ್ನು ಉಗುರಿನಿಂದ ಕೆರೆಯಿತು. ಆಮೇಲೆ ಅದನ್ನೂ ಬಿಟ್ಟು ಕಣ್ಣು ಮುಚ್ಚಿ ಕುಳಿತಿತು.

"ಧ್ಯಾನ" ಎಂದರು ಗೋಪಿನಾಥರು.

"ಯಾವ ಧ್ಯಾನರೀ? ನಾಕು ದಿನ ಆತು, ಒಂದಗಳು ಮುಟ್ಟಿಲ್ಲ" ಎಂದ ಹೆಂಡತಿ ಸುಮತಿ, ಎದುರು ಮನೆಯ ಸಂಯುಕ್ತಾಳನ್ನು ಕರೆದುಕೊಂಡು ಬಂದರು. ಸಂಯುಕ್ತಾ ಗದಗಿನ ಹುಡುಗಿ, ಪಶುವೈದ್ಯೆ.

ಅವಳು ಆಮೆಯನ್ನು ಮೆಲ್ಲಗೆ ಎತ್ತಿ ನೋಡಿದಳು. "ಕಾಕಾ, ಇದು ಧ್ಯಾನ ಅಲ್ಲರಿ. ಕಣ್ಣು ಬಾತಾವ. ಏನ್ ಹಾಕಾಕತ್ತೀರಿ ಇದಕ್ಕ?"

"ಅನ್ನ, ಹಣ್ಣು. ಏಕಾದಶಿಗೆ ಬರೀ ಹಾಲು."

"ಇದು ಕೆಸರಿನ ಆಮಿ ರೀ. ನೀರಿನ ಸೊಪ್ಪೂ ತಿಂತೈತಿ, ಆದ್ರ ಬಸವನಹುಳ, ಕಪ್ಪಿ, ಸಣ್ಣ ಮೀನ ಬೇಕs ಬೇಕು. ಸತ್ತ ಮೀನ ತಿಂದು ಕುಂಟಿ ಸ್ವಚ್ಛ ಇಡತೈತಿ."

"ದೇವರ ಮನ್ಯಾಗ ಮೀನಾ?" ಗೋಪಿನಾಥರು ಎರಡು ಹೆಜ್ಜೆ ಹಿಂದೆ ಸರಿದರು.

"ಅದಕ್ಕs ಇದರ ಜಾಗಾ ಇದಲ್ಲ ಅನ್ನೂದು. ಇಲ್ನೋಡ್ರಿ, ಹಿಂದ ಚರ್ಮದ ಎರಡು ಮುಚ್ಚಳ ಅದಾವ. ಕಾಲು ಒಳಗ ಎಳಕೊಂಡ್ರ ಬಾಗಲಾ ಹಾಕ್ದಂಗ. ನೀರು ಬತ್ತಿದ್ರ ಹಿಂಗ ಮುಚಗೊಂಡು ಕೆಸರಿನಾಗ ಇಳದು, ಮಳಿ ಬರೂತನಕ ಮಲಗತೈತಿ. ಇದರ ತತ್ತಿನೂ ಹಂಗ. ಮಣ್ಣಾಗ ತಿಂಗಳಗಟ್ಲೆ ಕಾದು, ಮಳಿಗಾಲಕ್ಕ ಮರಿ ಹೊರಗ ಬರ್ತಾವ. ನೀವು ಮಲಗಿದ್ದನ್ನ ಎಬ್ಬಿಸಿ, ಗಾಜಿನ ಮ್ಯಾಲ ಕೂಡ್ಸೀರಿ. ಕಾನೂನಿನಾಗ ಹುಲಿ ಇರೋ ಪಟ್ಟಿಯೊಳಗ ಇದೂ ಐತ್ರಿ. ಸಾಕೂದು ಅಪರಾಧ. ಅರಣ್ಯ ಇಲಾಖೆಗೆ ಕೊಡೋಣ. ಇಲ್ಲಾಂದ್ರ ಇದು ಉಳಿಯೂದಿಲ್ಲ."

ಗೋಪಿನಾಥರು ಬೋಗುಣಿಗೆ ಅಡ್ಡ ನಿಂತರು. "ಹಂಗನಬ್ಯಾಡವಾ. ಇದು ಬಂದಮ್ಯಾಲೇ ಪೂರ್ವಿಗೆ ನೌಕರಿ ಬಂದದ. ಕೊಟ್ಟು ಕಳಿಸಿದ್ರ ಏನಾಗ್ತದೋ ಏನೋ."

ಬಾಗಿಲಲ್ಲಿ ನಿಂತಿದ್ದ ಪೂರ್ವಿಯ ಮುಖ ಕೆಂಪಾಯಿತು. "ಅಪ್ಪಾ, ಎಂಟು ತಿಂಗಳು ಬೆಳಗಿನ ಬಸ್ ಹಿಡಿದು ಕೋಚಿಂಗಿಗೆ ಹೋದಾಕಿ ನಾನು. ಮೂರು ಸಲ ಇಂಟರ್ವ್ಯೂದಾಗ ಕೂತಾಕಿ ನಾನು. ಊರ ಮಂದಿ ಮುಂದೆಲ್ಲಾ ಆಮಿ ಕೊಡಿಸ್ತು ಅಂತೀರಿ. ನನಗ ಭಾಳ ಬ್ಯಾಸರ ಆಗ್ತದ."

ಗೋಪಿನಾಥರು ಗಾಜಿನ ಬದಲು ಮಣ್ಣಾದರೂ ಇರಲಿ ಎಂದು ಮಹಡಿಗೆ ಹೋಗಿ ಒಂದು ದೊಡ್ಡ ಕುಂಡದ ಮಣ್ಣನ್ನು ಟಬ್ಬಿಗೆ ಸುರಿದು ತಂದರು. ಸಂಯುಕ್ತಾ ನೀರು ಹಾಕಿ ಕಲಸಿ, ಆಮೆಯನ್ನು ಅದರ ಮೇಲಿಟ್ಟಳು.

ನಾಲ್ಕು ದಿನದಿಂದ ಅಲುಗದ ಆಮೆ ಮುಂಗಾಲು ಚಾಚಿತು. ಮುಚ್ಚಿದ ಕಣ್ಣಿನಲ್ಲೇ ಅಗೆಯತೊಡಗಿತು. ನಡುವೆ ಎರಡು ಸಲ ಸುಸ್ತಾಗಿ ನಿಂತಿತು. ಕೊನೆಗೆ ಬೆನ್ನೂ ಕಾಣದಂತೆ ಕೆಸರಿನೊಳಗೆ ಇಳಿಯಿತು. ಗೋಪಿನಾಥರಿಗೆ ನಾಚಿಕೆಯಾಯಿತು, ಸಂಕಟವೂ ಆಯಿತು.

"ಇಷ್ಟು ದಿನ ಇದನ್ನs ಕೇಳ್ಲಿಕ್ಕತ್ತಿತ್ತು, ನನಗ ತಿಳೀಲಿಲ್ಲ" ಎಂದರು. "ಫೋನ್ ಮಾಡವಾ."

ಮಧ್ಯಾಹ್ನ ಅರಣ್ಯ ಇಲಾಖೆಯವರು ಬಂದರು. ಬದುಕುತ್ತದೆಂದು ಖಾತ್ರಿ ಕೊಡಲಾಗದು, ಬದುಕಿದರೆ ಮಳೆ ಬಿದ್ದ ಮೇಲೆ ಇದೇ ಕುಂಟೆಗೆ ಬಿಡುತ್ತೇವೆ ಎಂದು ತೆಲುಗಿನಲ್ಲಿ ಹೇಳಿ ತೆಗೆದುಕೊಂಡು ಹೋದರು. ಹನ್ನೊಂದು ದಿನ ಗೋಪಿನಾಥರು ಫೋನ್ ಕೈಬಿಡಲಿಲ್ಲ. ಹನ್ನೆರಡನೇ ದಿನ ಇಲಾಖೆಯಿಂದ ಫೋನ್ ಬಂತು. ಈರುಳ್ಳಿಯನ್ನೂ ಮುಟ್ಟದ ಆ ಮನುಷ್ಯ ಬೀದಿಗೆ ಕೇಳುವಂತೆ ಕೂಗಿದರು: "ಸುಮತೀ, ಬಸವನಹುಳ ತಿಂತಂತ!"

ಓದುತ್ತಿರುವ ಅಕ್ಕಂದಿರೇ, ಅಣ್ಣಂದಿರೇ, ಅದೃಷ್ಟಕ್ಕೆಂದು ಆಮೆಯನ್ನು ಕೊಳ್ಳಬೇಡಿ, ಸಾಕಬೇಡಿ. ಈಗಾಗಲೇ ಮನೆಯಲ್ಲಿದ್ದರೆ ನೀವೇ ಯಾವುದೋ ಬಾವಿಗೋ ಕೆರೆಗೋ ಬಿಡಲು ಹೋಗದೆ ಅರಣ್ಯ ಇಲಾಖೆಗೆ ತಿಳಿಸಿ. ಒಣಗಿದ ಕೆರೆಯ ಹೂಳು ಎತ್ತುವಾಗ ಗುದ್ದಲಿ ನಿಧಾನವಾಗಿ ಹಾಕಿ. ಆಮೆ ಸಿಕ್ಕರೆ ಅದು ಸತ್ತಿಲ್ಲ, ಮಲಗಿದೆ. ಗಾಯವಾಗಿದ್ದರೆ ಇಲಾಖೆಯವರನ್ನು ಕರೆಯಿರಿ. ಗಾಯವಿಲ್ಲದಿದ್ದರೆ ಅಲ್ಲೇ ಬಿಡಿ. ಭಕ್ತಿ ಇದ್ದರೆ ಕೈ ಮುಗಿಯಿರಿ. ಮುಗಿದ ಮೇಲೆ ಮಣ್ಣು ಮುಚ್ಚಿ ಬನ್ನಿ.