ನಡುಗೆರೆಯ ಆಚೆ

ಫಿಸಿಯೋಥೆರಪಿ ಕಾಲೇಜಿನಲ್ಲಿ ಎಲ್ಲರೂ ಅವಳನ್ನು ಗೆರೆ ಮೇಡಂ ಎಂದೇ ಕರೆಯುತ್ತಿದ್ದರು. ಹೊಸದಾಗಿ ಸೇರಿದ ಮಕ್ಕಳಿಗೆ ಅವಳದೇ ಮೊದಲ ಪಾಠ. ಒಬ್ಬನನ್ನು ಮುಂದಕ್ಕೆ ಕರೆದು, ಅಂಗೈಗಳು ಎದುರಿಗೆ ಕಾಣುವಂತೆ ನೆಟ್ಟಗೆ ನಿಲ್ಲಿಸಿ, ದೊಡ್ಡದೊಂದು ರಟ್ಟು ಹಿಡಿದುಕೊಂಡು ಅವನ ಸುತ್ತ ಓಡಾಡುವಳು. ನೆತ್ತಿಯಿಂದ ಮೂಗಿನ ನೇರಕ್ಕೆ ಇಳಿದು ಮೈಯನ್ನು ಎಡ, ಬಲ ಎಂದು ಪಾಲು ಮಾಡುವ ಸಮತಲ ಒಂದು, ಅದು ನಡುಗೆರೆ. ಒಂದು ಕಿವಿಯಿಂದ ಇನ್ನೊಂದಕ್ಕೆ ಹಾದು ಹೊಟ್ಟೆಯನ್ನೂ ಬೆನ್ನನ್ನೂ ಬೇರೆ ಮಾಡುವುದು ಮತ್ತೊಂದು. ಸೊಂಟಪಟ್ಟಿಯ ಹಾಗೆ ಅಡ್ಡ ಮಲಗಿ ಮೇಲನ್ನು ಕೆಳಗಿನಿಂದ ಬಿಡಿಸುವುದು ಮೂರನೆಯದು.

"ಹೀಗೆ ಅಂಗೈ ತೋರಿಸ್ಕೊಂಡು ಯಾರು ಮೇಡಂ ನಿಲ್ತಾರೆ, ತಪ್ಪು ಮಾಡಿ ಸಿಕ್ಕಿಬಿದ್ದೋರ್ನ ಬಿಟ್ರೆ?" ಎಂದು ಹಿಂದಿನ ಬೆಂಚಿನಿಂದ ಯಾರಾದರೂ ಕೇಳುವರು. ತರಗತಿ ಗೊಳ್ಳೆನ್ನುವುದು.

"ಯಾರೂ ನಿಲ್ಲಲ್ಲಪ್ಪ. ಈ ಗೆರೆಗಳೂ ಮೈಯಲ್ಲಿ ಎಲ್ಲೂ ಇಲ್ಲ. ಕೊಯ್ದು ನೋಡಿದ್ರೂ ಸಿಗಲ್ಲ. ಆದ್ರೆ ನೀನು ಮೊಣಕೈ ಮಡಚೋದು, ತೋಳು ಎತ್ತೋದು, ಪಕ್ಕದ ಬೆಂಚಿನ ಹುಡುಗಿ ಕಡೆ ಕತ್ತು ತಿರುಗಿಸೋದು, ಎಲ್ಲಾ ಇವುಗಳ ಲೆಕ್ಕದಲ್ಲೇ ನಡೆಯೋದು."

ಮೈಯಲ್ಲಿ ಎಲ್ಲೂ ಇಲ್ಲ ಎಂದು ಅಷ್ಟು ವರ್ಷ ಹೇಳಿಕೊಂಡು ಬಂದವಳಿಗೆ ಆ ನಡುಗೆರೆ ಒಂದು ದಿನ ಮನೆಯಲ್ಲೇ ಕಾಣಿಸಿಕೊಂಡಿತು. ಅತ್ತೆಯ ಮೆದುಳಿನ ಬಲಭಾಗಕ್ಕೆ ರಕ್ತ ಹೋಗದೆ ಎಡಮೈ ಬಿದ್ದುಹೋಯಿತು. ಕೈಕಾಲು ಹೋದದ್ದಷ್ಟೇ ಆಗಿದ್ದರೆ ಬೇರೆ ಮಾತು. ಎಡಗಡೆ ಎಂಬುದೇ ಅತ್ತೆಯ ಪಾಲಿಗೆ ಇಲ್ಲವಾಯಿತು. ಕಣ್ಣು ಚೆನ್ನಾಗಿಯೇ ಇದ್ದವು, ನಾಲಗೆಯಂತೂ ಮೊದಲಿಗಿಂತ ಚುರುಕಾಗಿತ್ತು. ಆದರೆ ಮೂಗಿನ ನೇರದಿಂದ ಆಚೆಗೆ ಏನಿದ್ದರೂ, ಯಾರಿದ್ದರೂ, ಅದು ಲೋಕದಲ್ಲೇ ಇಲ್ಲ. ತಟ್ಟೆಯ ಬಲಭಾಗವನ್ನು ನುಣ್ಣಗೆ ಬಳಿದು ತಿಂದು, "ಇಷ್ಟೇನಾ? ಈ ಮನೇಲಿ ನನ್ನನ್ನ ಉಪವಾಸ ಕೆಡವ್ತಾರೆ" ಎಂದು ಗೊಣಗುವರು. ತಟ್ಟೆಯನ್ನು ಹಾಗೇ ತಿರುಗಿಸಿದರೆ, "ಈಗ ನೆನಪಾಯ್ತಾ ಬಡಿಸೋಕೆ?" ಎನ್ನುವರು. ಅರ್ಧ ತಲೆ ಬಾಚಿಕೊಂಡು ಬಾಚಣಿಗೆ ಕೆಳಗಿಡುವರು. ಹಾಸಿಗೆಯ ಮೇಲೆ ಬಿದ್ದಿದ್ದ ತಮ್ಮದೇ ಎಡಗೈಯನ್ನು ಎತ್ತಿ ತೋರಿಸಿ ಇದು ಯಾರದು ಎಂದು ಡಾಕ್ಟರು ಕೇಳಿದಾಗ ಅತ್ತೆ ಒಂದು ಕ್ಷಣವೂ ಯೋಚಿಸಲಿಲ್ಲ.

"ನನ್ನ ಸೊಸೇದು. ನೋಡಿ, ಹೇಗೆ ಸುಮ್ನೆ ಬಿದ್ಕೊಂಡಿದೆ. ಒಂದು ಕೆಲಸ ಮಾಡಲ್ಲ."

ಡಾಕ್ಟರು ನಕ್ಕರು. ಅವಳೂ ನಕ್ಕಳು. ಆಸ್ಪತ್ರೆಯ ಬಚ್ಚಲಿಗೆ ಹೋಗಿ ಮುಖ ತೊಳೆದುಕೊಂಡು ಬಂದಳು.

ಇಂಥ ರೋಗಿಗಳಿಗೆ ಏನು ಮಾಡಬೇಕು ಎಂಬುದನ್ನು ಅವಳು ಪುಸ್ತಕ ನೋಡದೆ ಹೇಳಬಲ್ಲಳು. ಊಟ, ಮಾತು, ಬೆಳಕು, ರೇಡಿಯೋ ಎಲ್ಲವೂ ಎಡಗಡೆಯಿಂದಲೇ ಬರಬೇಕು. ಬಲಗಡೆ ಕಣ್ಣು ಸೆಳೆಯುವಂಥದ್ದು ಏನೂ ಇರಕೂಡದು. ಬೇಕಾದದ್ದು ಸಿಗದೆ ಕತ್ತು ತಾನಾಗಿ ತಿರುಗಬೇಕು, ಗದ್ದ ನಡುಗೆರೆಯನ್ನು ದಾಟಬೇಕು. ಅವಳು ಕಾಲೇಜಿಗೆ ರಜೆ ಹಾಕಿದಳು. ಕುರ್ಚಿಯನ್ನು ಮಂಚದ ಎಡಕ್ಕೆ ಎಳೆದಳು, ಬಲಗಡೆಯ ಗೋಡೆಯಲ್ಲಿದ್ದ ಕ್ಯಾಲೆಂಡರು, ಫೋಟೋ ಎಲ್ಲ ತೆಗೆದು ಬೋಳು ಮಾಡಿದಳು. ಬೀರುವೊಂದು ಮಾತ್ರ ಜರುಗಿಸಲಾಗದೆ ಅಲ್ಲೇ ಉಳಿಯಿತು.

ವರ್ಷ ತುಂಬುತ್ತ ಬಂದಿತ್ತು. ಮೈ ಒರೆಸುವುದು, ಮಗ್ಗುಲು ಬದಲಿಸುವುದು, ತುತ್ತಿಡುವುದು, ಸತ್ತ ಕೈಯ ಒಂದೊಂದು ಬೆರಳನ್ನೂ ಮಡಚಿ ಬಿಡಿಸುವುದು, ಎಲ್ಲವೂ ಎಡಗಡೆಯಿಂದ. ಚಮಚ ಬಾಯಿಗೆ ಬಂದರೆ ಅತ್ತೆ ಬಾಯಿ ತೆರೆಯುವರು, ಚಮಚ ಹಿಡಿದ ಕೈ ಯಾರದೆಂದು ನೋಡುತ್ತಿರಲಿಲ್ಲ. "ನೀರು ಬೇಕಾ ಅತ್ತೆ?" ಎಂದು ಅವಳು ಕೇಳಿದರೆ, "ಹೂಂ, ಕೊಡು" ಎಂದು ಬೀರುವಿಗೆ ಹೇಳುವರು.

"ಅವರ ತಪ್ಪಲ್ಲ, ಮೆದುಳು ಹಾಗೆ ಮಾಡ್ಸುತ್ತೆ" ಎಂದು ಅವಳೇ ಗಂಡನಿಗೆ ತಿಳಿಹೇಳಿದ್ದಳು. ನಿಜವೇ. ಆದರೆ ಅತ್ತೆಯ ನೋಟ ಅವಳ ಮೇಲೆ ನಿಲ್ಲದೆ ಜಾರುವುದು ಅವಳಿಗೆ ಹೊಸದೇನೂ ಆಗಿರಲಿಲ್ಲ. ಅಡುಗೆ ಚೆನ್ನಾಗಿದೆ ಎಂದು ಬಂದವರು ಹೊಗಳಿದರೆ, "ನಮ್ಮನೇಲಿ ಮೊದ್ಲಿಂದ್ಲೂ ಹೀಗೇ" ಎನ್ನುತ್ತಿದ್ದರು. ಅವಳ ಬಡ್ತಿಯ ಸುದ್ದಿ ಕೇಳಿದ ದಿನ ಮಗನಿಗೆ, "ಇನ್ನು ನಿನಗೆ ಹೊತ್ತಿಗೆ ಸರಿಯಾಗಿ ಊಟ ಸಿಕ್ಕಿದ ಹಾಗೇ" ಎಂದಿದ್ದರು. ಹಳೆಯ ಅಭ್ಯಾಸ ಎಲ್ಲಿ ಮುಗಿದು ರೋಗ ಎಲ್ಲಿ ಶುರುವಾಯಿತೆಂದು ಹೇಳುವ ರಟ್ಟು ಅವಳ ಹತ್ತಿರ ಇರಲಿಲ್ಲ.

ನಾದಿನಿ ಭಾನುವಾರ ಬರುತ್ತಿದ್ದಳು. ಬಂದವಳೇ ಮಂಚದ ಬಲಗಡೆ ಹತ್ತಿ ಕೂತು ತಾಯಿಯ ಕೆನ್ನೆಗೆ ಕೆನ್ನೆ ತಾಗಿಸುವಳು.

"ಈ ಕಡೆ ಬಾರಮ್ಮ, ಇಲ್ಲಿ ಕೂತ್ಕೊ. ಅವರು ಕತ್ತು ತಿರುಗಿಸ್ಬೇಕು" ಎಂದು ಅವಳು ಎಷ್ಟೋ ಸಲ ಹೇಳಿದ್ದಳು.

"ಅಲ್ಲಿ ಕೂತ್ರೆ ಅಮ್ಮ ನನ್ನ ನೋಡೋದೇ ಇಲ್ಲ ಅತ್ತಿಗೆ. ವಾರಕ್ಕೊಂದ್ಸಲ ಬರ್ತೀನಿ, ಅದಕ್ಕೂ ನಿಮ್ಮ ಕಾಲೇಜಿನ ಪಾಠ ಮಾಡ್ಬೇಡಿ."

"ನನ್ನ ಮಗಳು ಒಬ್ಬಳೇ ನನ್ನ ನೋಡ್ಕೊಳ್ಳೋದು" ಎನ್ನುವರು ಅತ್ತೆ. ನಾದಿನಿ ಕಣ್ಣೊರೆಸಿಕೊಳ್ಳುವಳು.

ಕಾಲೇಜಿನ ವಿಭಾಗದ ಮುಖ್ಯಸ್ಥೆಯ ಫೋನು ಬಂದದ್ದು ವರ್ಷ ತುಂಬುವ ಹೊತ್ತಿಗೆ. ಸೋಮವಾರ ಹೊಸ ತರಗತಿ ಶುರು. ಇನ್ನು ರಜೆ ಮುಂದುವರಿಸಲು ಬರುವುದಿಲ್ಲ, ಅವಳು ಬರದಿದ್ದರೆ ಆ ಜಾಗಕ್ಕೆ ಬೇರೆಯವರು. ಅವಳು ಕೆಲಸ ತಿಳಿದ ಒಬ್ಬ ಹೆಂಗಸನ್ನು ಹುಡುಕಿ, ಹಗಲು ಹೊತ್ತು ಬಂದು ಅತ್ತೆಯನ್ನು ನೋಡಿಕೊಳ್ಳಲು ಒಪ್ಪಿಸಿದಳು. ಆಮೇಲೆ ಗಂಡನ ಮುಂದೆ ವಿಷಯ ಇಟ್ಟಳು.

"ನಂದೇನಿದೆ?" ಎಂದ ಅವನು. "ಅಮ್ಮನ್ನ ಒಂದು ಮಾತು ಕೇಳೋಣ. ಭಾನುವಾರ ತಂಗೀನೂ ಬರ್ತಾಳಲ್ಲ. ಅಮ್ಮ ಹೂಂ ಅಂದ್ರೆ ಹೋಗು."

"ನಿಮ್ಮ ಅಮ್ಮನಿಗೆ ನಾನು ಇರೋದೇ ಗೊತ್ತಿಲ್ವಲ್ರೀ. ಹೂಂ ಅನ್ನೋದು ಯಾರಿಗೆ?"

"ಹಾಗಂದ್ರೆ ಹೇಗೆ? ಹಿರೀರು, ಕೇಳದೆ ಮಾಡೋಕಾಗುತ್ತಾ?"

ಕೆಲಸ ಹೋದರೆ ತನ್ನಲ್ಲಿ ಉಳಿಯುವುದೇನು ಎಂದು ಅವಳು ಆ ವಾರವೆಲ್ಲ ಯೋಚಿಸಿದಳು. ರಟ್ಟು ಹಿಡಿದು ಓಡಾಡುವಾಗ ಅಷ್ಟು ಜೊತೆ ಕಣ್ಣುಗಳು ತನ್ನ ಹಿಂದೆ ಹಿಂದೆ ಬರುವ ಜಾಗ ಅದೊಂದೇ. ಶುಕ್ರವಾರ ಮಧ್ಯಾಹ್ನ ತಡೆಯಲಾಗದೆ ಕುರ್ಚಿಯನ್ನು ಎತ್ತಿಕೊಂಡಳು. ಬಲಗಡೆ ಕೂತು ನಾಲ್ಕು ತುತ್ತು ತಿನ್ನಿಸಿದರೆ ಸಾಕು, ಅತ್ತೆಗೆ ತಾನು ಕಾಣಿಸುತ್ತೇನೆ, ಭಾನುವಾರ ಕೇಳಿದರೆ ಹೆಸರಾದರೂ ಬಾಯಿಗೆ ಬರುತ್ತದೆ. ಕುರ್ಚಿ ಹೊತ್ತು ಮಂಚದ ಕಾಲಿನ ಕಡೆಗೆ ಬಂದಿದ್ದಳು. ಅಷ್ಟರಲ್ಲಿ ಅತ್ತೆ ತುತ್ತು ಯಾಕೆ ಬರಲಿಲ್ಲವೆಂದು ಹುಡುಕುತ್ತ ಕತ್ತು ತಿರುಗಿಸಿದರು. ಗದ್ದ ಮೆಲ್ಲಗೆ ನಡುವಿಗೆ ಬಂತು, ತಡೆಯಿತು, ಮತ್ತೆ ಒಂದಿಷ್ಟು ಎಡಕ್ಕೆ ಜರುಗಿತು. ಹಿಂದೆಂದೂ ಅಷ್ಟು ದೂರ ಬಂದಿರಲಿಲ್ಲ.

ಈಗ ಬಲಕ್ಕೆ ಹೋಗಿ ಕೂತರೆ ಇಷ್ಟು ತಿಂಗಳು ಮಾಡಿದ್ದೆಲ್ಲ ನೀರಲ್ಲಿ ಹೋಮ. ಅವಳು ಕುರ್ಚಿಯನ್ನು ವಾಪಸು ಎಡಗಡೆಗೇ ತಂದು ಹಾಕಿದಳು. ಕಲಿತ ಕೆಲಸ ಅವಳನ್ನು ಕೆಡಿಸಿದ್ದು ಅಲ್ಲಿಯೇ.

ಭಾನುವಾರ ನಾದಿನಿ ತನ್ನ ಜಾಗದಲ್ಲಿ ಕೂತಳು. ಗಂಡ ಬೀರುವಿಗೆ ಒರಗಿ ನಿಂತ. ಅವಳು ಎಡಗಡೆಯ ಕುರ್ಚಿಯಲ್ಲಿದ್ದಳು.

"ಅಮ್ಮ, ಅತ್ತಿಗೆ ಮತ್ತೆ ಕೆಲಸಕ್ಕೆ ಹೋಗ್ಬೇಕಂತೆ. ಹಗಲು ನಿನ್ನ ಹತ್ರ ಒಬ್ಬ ಹೆಂಗಸು ಇರ್ತಾಳೆ. ಆಗ್ಬಹುದಾ?"

"ಯಾವ ಅತ್ತಿಗೆ?"

"ಅಯ್ಯೋ, ನಿನ್ನ ಸೊಸೆ ಅಮ್ಮ."

"ಅವಳೆಲ್ಲಿದ್ದಾಳೆ? ನಾನು ಮಲಗಿದ ಮೇಲೆ ಒಂದು ದಿನ ಈ ಕಡೆ ತಲೆ ಹಾಕಿಲ್ಲ."

ಗಂಡ ಮುಂದಕ್ಕೆ ಬಾಗಿದ. "ಮತ್ತೆ ದಿನಾ ಊಟ ಮಾಡಿಸೋದು ಯಾರಮ್ಮ?"

"ಯಾರು ಮಾಡಿಸ್ಬೇಕು? ನಾನೇನು ಮಗುವಾ? ನಾನೇ ಮಾಡ್ತೀನಿ."

ನಾದಿನಿಯ ಕಣ್ಣು ತುಂಬಿಬಂತು. "ನೋಡಿದ್ಯಾ ಅಣ್ಣ? ಕಾಯಿಲೆ ಅಂತಾನೇ ಇಟ್ಕೋ. ಆದ್ರೂ ಅಷ್ಟೂ ಕಾಯಿಲೆನಾ? ಹಗಲೆಲ್ಲ ಮನೇಲಿ ಇರೋರೇ ಅಮ್ಮನ ಕಣ್ಣಿಗೆ ಬಿದ್ದಿಲ್ಲ, ಇನ್ನು ಯಾರೋ ಹೆಂಗಸು ಬಂದು ಏನು ಕಿಸಿತಾಳೆ? ಅತ್ತಿಗೆ, ಇನ್ನೊಂದು ವರ್ಷ ಇದ್ದುಬಿಡಿ. ಸ್ವಲ್ಪ ಮನಸ್ಸಿಟ್ಟು ನೋಡ್ಕೊಳ್ಳಿ."

ಅವಳು ಗಂಡನ ಮುಖ ನೋಡಿದಳು. ಅವನು ಇಷ್ಟು ದಿನ ಬಾಗಿಲಿನಿಂದ ಎಲ್ಲ ನೋಡಿದವನು, ಮಗ್ಗುಲು ಬದಲಿಸುವಾಗ ಎಷ್ಟೋ ಸಲ ಕೈ ಕೊಟ್ಟವನು. ಅವನು ನೆಲದಲ್ಲಿ ಏನನ್ನೋ ಹುಡುಕುತ್ತಿದ್ದ. "ಅವಳು ಹೇಳೋದ್ರಲ್ಲೂ ಸ್ವಲ್ಪ..." ಎಂದು ಮಾತು ಅಲ್ಲಿಗೇ ಬಿಟ್ಟ.

ಅವಳು ಎದ್ದಳು. ಮಂಚದ ಕಾಲಿನ ಕಡೆಯಿಂದ ಸುತ್ತಿಕೊಂಡು ಬಂದು ನಾದಿನಿಯ ಪಕ್ಕದಲ್ಲಿ ನಿಂತಳು. ಅತ್ತೆಯ ಕಣ್ಣು ಅವಳ ಸೆರಗಿನಿಂದ ಮೇಲೇರಿ ಮುಖದ ಮೇಲೆ ನಿಂತವು. ಒಂದು ವರ್ಷದಲ್ಲಿ ಮೊದಲ ಸಲ ಯಾರೋ ಅವಳನ್ನು ಪೂರ್ತಿಯಾಗಿ ನೋಡಿದರು.

"ಅಬ್ಬಾ! ಈಗ ಬಂದ್ಯಾ ಮಹಾರಾಯ್ತಿ? ಇಷ್ಟು ದಿನ ಎಲ್ಲಿ ಹಾಳಾಗಿ ಹೋಗಿದ್ದೆ?"

ಹಾಸಿಗೆಹುಣ್ಣು ಒಂದೂ ಆಗದ ಬೆನ್ನನ್ನು ಮಗಳಿಗೆ ತೋರಿಸಬಹುದಿತ್ತು. ಬೆರಳುಗಳು ಗಂಟುಕಟ್ಟದೆ ಸಡಿಲವಾಗಿ ಉಳಿದದ್ದು ಯಾರಿಂದ ಎಂದು ಕೇಳಬಹುದಿತ್ತು. ಕೇಳಿದರೆ ನಾದಿನಿ ಅಳುತ್ತಾಳೆ, ಗಂಡ ಸಮಾಧಾನ ಮಾಡುತ್ತಾನೆ, ಸೋಮವಾರ ಬಂದುಬಿಡುತ್ತದೆ.

"ಕೆಲಸಕ್ಕೆ ಹೋಗಿದ್ದೆ ಅತ್ತೆ" ಎಂದಳು.

"ಅದೇ ಅಂದ್ಕೊಂಡೆ. ನಿನಗೆ ಅದೇ ಹೆಚ್ಚು."

"ನಾಳೇನೂ ಹೋಗ್ಲಾ?"

"ಹೋಗಮ್ಮ, ಹೋಗು. ನೀನಿಲ್ಲ ಅಂತ ಇಲ್ಲೇನಾದ್ರೂ ನಿಂತುಹೋಗಿದೆಯಾ? ಎಲ್ಲಾ ತಾನಾಗೇ ನಡ್ಕೊಂಡು ಬಂದಿಲ್ವಾ?"

ಅವಳು ಗಂಡನ ಕಡೆ ತಿರುಗಿದಳು.

"ಕೇಳಿಸ್ತಲ್ಲ? ಹೂಂ ಅಂದ್ರು."

ಅಡುಗೆಮನೆಗೆ ಅವಳ ಹಿಂದೆಯೇ ಬಂದ ಗಂಡನ ಮುಖದಲ್ಲಿ ಗಂಡಾಂತರ ಕಳೆದವನ ನಿರಾಳವಿತ್ತು. "ನೋಡು, ನೀನು ಸುಮ್ನೆ ಹೆದರಿದ್ದೆ. ಅಮ್ಮನ ಮನಸ್ಸು ದೊಡ್ಡದು. ಒಂದೇ ಮಾತಿಗೆ ಕಳಿಸ್ಕೊಟ್ಲು."

ಅವಳು ನಲ್ಲಿ ಜೋರಾಗಿ ಬಿಟ್ಟು ಅತ್ತೆಯ ತಟ್ಟೆ ತೊಳೆದಳು. ಕೈ ಒರೆಸಿಕೊಂಡು, ಅವನು ಅಲ್ಲೇ ನಿಂತಿದ್ದ ಹಾಗೆಯೇ ಮುಖ್ಯಸ್ಥೆಗೆ ಫೋನು ಮಾಡಿದಳು.

"ನಾಳೆ ಬರ್ತೀನಿ ಮೇಡಂ. ಮೊದಲನೇ ಪಾಠ ನಂಗೇ ಇರಲಿ."

"ತುಂಬಾ ಸಂತೋಷ. ಆದ್ರೆ ಒಂದು ವರ್ಷ ನೀವು ಅವರ ಪಕ್ಕ ಬಿಟ್ಟು ಅಲ್ಲಾಡಿಲ್ಲ. ಈಗ ಇದ್ದಕ್ಕಿದ್ದ ಹಾಗೆ ನೀವಿಲ್ಲ ಅಂದ್ರೆ ಅತ್ತೆಗೆ ಕಷ್ಟ ಆಗಲ್ವೇನ್ರಿ?"

"ಇಲ್ಲ ಮೇಡಂ" ಎಂದಳು ಅವಳು. "ನಾನಿಲ್ದೆ ಇರೋದು ಅವರಿಗೆ ಅಭ್ಯಾಸ ಆಗಿದೆ."