ರಂಗವ್ವ ಹೆರಿಗೆಯ ಪಾಠ ಕೇಳಿದ್ದು

ಚೊಳಚಗುಡ್ಡದ ರಂಗವ್ವನಿಗೆ ಮಗಳ ಮಾತು ಕೇಳಿ ಮೊದಲು ನಗುವೇ ಬಂತು. ಚೊಚ್ಚಲ ಹೆರಿಗೆಗೆಂದು ಹುನಗುಂದದಿಂದ ತವರಿಗೆ ಬಂದಿದ್ದ ರಾಜಶ್ರೀ ಕಟ್ಟೆಯ ಮೇಲೆ ಚೀಲ ಇಳಿಸುತ್ತಲೇ ಹೇಳಿದಳು: "ಯವ್ವಾ, ಬುಧವಾರ ಬಾದಾಮಿ ದವಾಖಾನ್ಯಾಗ ಹೆರಿಗಿ ಪಾಠ ಹೇಳ್ತಾರಂತ. ಹಡಿಯೋ ಮುಂದ ಬಾಜೂಕ ಒಬ್ಬರನ್ನ ನಿಂದರಾಕ ಬಿಡ್ತಾರ. ನನಗ ನೀನ ಬೇಕು. ಅದಕ್ಕ ನೀನೂ ಬಾ."

"ಹಡದಾಕಿಗೆ ಹಡಿಯೋ ಪಾಠ? ಯಾರರ ಕೇಳಿದ್ರ ನಕ್ಕಾರು."

ಹೀಗೆ ಅನ್ನುತ್ತಲೇ ರಂಗವ್ವ ಅಂಗಳದಲ್ಲಿ ಬಿದ್ದಿದ್ದ ಕುರಿ ಕಟ್ಟುವ ಹಗ್ಗಗಳನ್ನೆಲ್ಲ ಸುತ್ತಿ ಗೋಡೆಯ ಗೂಟಕ್ಕೆ ಹಾಕುತ್ತಿದ್ದಳು. ಬಸುರಿ ಹೆಂಗಸು ಹಗ್ಗ ದಾಟಬಾರದು. ರಾಜಶ್ರೀ ಇದನ್ನು ಕಂಡು ನಕ್ಕಳು. ರಂಗವ್ವ ನಗಲಿಲ್ಲ.

ಬುಧವಾರ ಇಬ್ಬರೂ ಹೋದರು. ದವಾಖಾನೆಯ ಒಂದು ಕೋಣೆಯಲ್ಲಿ ಜಮಖಾನೆ ಹಾಸಿದ್ದರು. ಬಸುರಿಯರು, ಅವರ ಜೊತೆ ತಾಯಂದಿರು, ಅತ್ತೆಯಂದಿರು, ಬಾಗಿಲ ಹತ್ತಿರ ತಲೆ ತಗ್ಗಿಸಿ ಕೂತ ಇಬ್ಬರು ಗಂಡಂದಿರು. ಪಾಠ ಹೇಳುವಾಕೆ ಇಳಕಲ್ಲಿನ ತಬಸುಮ ಎಂಬ ನರ್ಸು. ಆಕೆ ಒಂದು ಕೈಯಲ್ಲಿ ಪ್ಲಾಸ್ಟಿಕ್ಕಿನ ಸೊಂಟದ ಎಲುಬು, ಇನ್ನೊಂದು ಕೈಯಲ್ಲಿ ಬಟ್ಟೆಯ ಗೊಂಬೆ ಹಿಡಿದು, ಕೂಸು ಹೇಗೆ ತಿರುಗಿ ಹೇಗೆ ಹೊರಗೆ ಬರುತ್ತದೆ ಎಂದು ತೋರಿಸತೊಡಗಿದಾಗ ರಂಗವ್ವ ಸೆರಗಿನಿಂದ ಮುಖ ಮುಚ್ಚಿಕೊಂಡಳು. ಗಂಡಸರ ಮುಂದೆ ಇಂಥದ್ದನ್ನು ತೋರಿಸುವುದೆ! ಆದರೆ ಕಿವಿಯನ್ನು ಮುಚ್ಚಿಕೊಳ್ಳಲಾಗಲಿಲ್ಲ.

ಹೆರಿಗೆ ಬ್ಯಾನಿ ಬಂದಾಗ ಮಲಗಿಯೇ ಇರಬೇಕಿಲ್ಲ, ಅಡ್ಡಾಡಬಹುದು ಎಂದಳು ತಬಸುಮ. ಬಾಯಾರಿದರೆ ನೀರು ಕುಡಿಯಬಹುದು. ಉಸಿರನ್ನು ನಿಧಾನ ಬಿಡಬೇಕು. ಚೀರಬೇಕು ಅನ್ನಿಸಿದರೆ ಚೀರಬಹುದು, ಅದರಲ್ಲಿ ನಾಚಿಕೆ ಏನಿಲ್ಲ. ಏನೇ ಮದ್ದು ಕೊಟ್ಟರೂ ಇದು ಯಾಕೆಂದು ಕೇಳಬಹುದು. ಸೆರಗಿನ ಒಳಗೇ ರಂಗವ್ವನ ಬಾಯಿ ತೆರೆದುಕೊಂಡಿತು. ತಾನು ಚೀರಿದಾಗ ಅತ್ತೆ ಬಾಯಿಗೆ ಅರಿವೆ ತುರುಕಿದ್ದಳು. ನೀರು ಬೇಡಿದಾಗ ಯಾರೂ ಕೊಟ್ಟಿರಲಿಲ್ಲ.

ತಬಸುಮ ಗೊಂಬೆಯ ಹೊಟ್ಟೆಗೆ ಹೊಲಿದಿದ್ದ ದಾರದ ಬಳ್ಳಿ ಎತ್ತಿ ಹಿಡಿದಳು.

"ಭಾಳ ಅಪರೂಪಕ್ಕ ಹಿಂಗೂ ಆಗತೈತಿ. ನೀರು ಹೋದಕೂಡಲೆ ಕೂಸಿನ ತಲಿಗಿಂತ ಮೊದಲ ಈ ಹೊಕ್ಕಳಬಳ್ಳಿ ಕೆಳಗ ಜಾರತೈತಿ. ತಲಿ ಇದರ ಮ್ಯಾಲ ಒತ್ತಿತಂದ್ರ ಕೂಸಿಗೆ ಉಸಿರು ಮುಟ್ಟಂಗಿಲ್ಲ. ಬಳ್ಳಿಗೆ ಕೈ ಹಚ್ಚಬ್ಯಾಡ್ರಿ. ಮೊಣಕಾಲೂರಿ, ಎದಿ ನೆಲಕ್ಕ ಹಚ್ಚಿ, ಸೊಂಟ ಮ್ಯಾಲ ಎತ್ತಿ ಇರ್ರಿ. ಜೊತಿಗಿದ್ದವರು ತಡಾ ಮಾಡದ ಅಂಬುಲೆನ್ಸಿಗೆ ಫೋನ್ ಹಚ್ಚರಿ."

ತಾನು ಎದ್ದು ನಿಂತದ್ದು ರಂಗವ್ವನಿಗೇ ಗೊತ್ತಾಗಲಿಲ್ಲ. ಸೆರಗು ಮುಖದಿಂದ ಜಾರಿತ್ತು.

"ಬಳ್ಳಿ ಯಾಕ ಮೊದಲ ಬರತೈತ್ರಿ, ನರ್ಸ್ ಬಾಯಾರ? ಹಗ್ಗ ದಾಟಿದ್ದಕ್ಕ?"

ಹಿಂದೆ ಯಾರೋ ಕಿಸಕ್ಕನೆ ನಕ್ಕರು. ತಬಸುಮ ನಗಲಿಲ್ಲ. ಗೊಂಬೆಯನ್ನು ಕೆಳಗಿಟ್ಟು ಹತ್ತಿರ ಬಂದಳು.

"ಇಲ್ರಿ ಅವ್ವಾರ. ಕೂಸು ಅಡ್ಡ ಇದ್ದಿರತೈತಿ, ಇಲ್ಲಾ ತಲಿ ಇನ್ನೂ ಕೆಳಗ ಬಂದು ಕುಂತಿರಂಗಿಲ್ಲ. ಸಂದಿ ಸಿಕ್ಕರ ಬಳ್ಳಿ ಜಾರತೈತಿ. ತಾಯಿ ಏನ ದಾಟಿದ್ರೂ, ಏನ ತಿಂದ್ರೂ ಅದು ಆಗಂಗಿಲ್ಲ."

"ಖರೇನ?"

"ಖರೆ. ತಾಯಿದು ಏನೂ ತಪ್ಪಿರಂಗಿಲ್ರಿ."

ರಂಗವ್ವ ಮತ್ತೆ ಕೂತಳು. ಆಮೇಲೆ ಹೇಳಿದ ಪಾಠ ಒಂದೂ ಕಿವಿಗೆ ಬೀಳಲಿಲ್ಲ.

ವಾಪಸು ಬರುವಾಗ ಟಂಟಂ ಗಾಡಿಯಲ್ಲಿ ಅವರಿಬ್ಬರೇ ಹಿಂದೆ ಕೂತಿದ್ದರು. ರಾಜಶ್ರೀ ತಾಯಿಯ ಕೈ ಹಿಡಿದುಕೊಂಡಳು.

"ಯವ್ವಾ, ಯಾರ ಬಳ್ಳಿ ಮೊದಲ ಬಂದಿತ್ತು?"

"ನಿಮ್ಮಕ್ಕಂದು."

"ನನಗ್ಯಾವ ಅಕ್ಕ?"

ರಂಗವ್ವ ಹೇಳಿದಳು. ರಾಜಶ್ರೀಗಿಂತ ಮೊದಲು ಒಂದು ಹೆಣ್ಣುಕೂಸು. ಮಧ್ಯಾಹ್ನ ಆಡಿಗೆ ಮೇವು ಹಾಕಲು ಹೋದಾಗ ಹಗ್ಗ ದಾಟಿದ್ದಳು, ಸಂಜೆಗೆ ಬ್ಯಾನಿ ಹತ್ತಿತ್ತು. ಮೊದಲು ಬಳ್ಳಿ ಬಂತು. ಸೂಲಗಿತ್ತಿ ಅದನ್ನು ಒಳಗೆ ನೂಕಲು ನೋಡಿದಳು, ಆಗಲಿಲ್ಲ. ಕೂಸು ಬರುವ ಹೊತ್ತಿಗೆ ನೀಲಿಗಟ್ಟಿತ್ತು. ತಲೆ ತುಂಬ ಕೂದಲಿತ್ತು. "ಹಗ್ಗ ದಾಟಿ ಕೂಸು ನುಂಗಿದಿ," ಎಂದು ಅತ್ತೆ ಅಲ್ಲೇ ಅಂದಳು. ಮರುದಿನ ಓಣಿಯೆಲ್ಲ ಅಂದಿತು. ಅಂದಿನಿಂದ ಯಾರ ಮನೆಯ ತೊಟ್ಟಿಲಿಗೆ ಹೋದರೂ ರಂಗವ್ವ ಹಿಂದೆ ನಿಲ್ಲುತ್ತಿದ್ದಳು. ಕೂಸಿಗೆ ಕೈ ಮುಟ್ಟಿಸುತ್ತಿರಲಿಲ್ಲ.

ರಾಜಶ್ರೀ ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡು ಹಾಗೇ ಕೂತುಬಿಟ್ಟಳು. ಇಪ್ಪತ್ತಾರು ವರ್ಷದಿಂದ ತನಗೊಬ್ಬ ಅಕ್ಕ ಇದ್ದಳೆಂದು ಆಕೆಗೆ ಯಾರೂ ಹೇಳಿರಲಿಲ್ಲ.

ಮನೆಗೆ ಬಂದಾಗ ರಂಗವ್ವನ ಗಂಡ ಗುರಪ್ಪ ಕುರಿಗಳಿಗೆ ನೀರು ಕುಡಿಸುತ್ತಿದ್ದ. ರಂಗವ್ವ ಕಾಲು ತೊಳೆಯಲೂ ಇಲ್ಲ. ನೆಟ್ಟಗೆ ಗಂಡನ ಮುಂದೆ ಹೋಗಿ ನಿಂತು, ನರ್ಸು ಹೇಳಿದ್ದನ್ನು ಹೇಳಿದಳು. ಆತ ಕೊಡ ಕೆಳಗಿಟ್ಟ.

"ನಾ ನಿನಗ ಎಂದರ ಅಂದೇನೇನು?" ಎಂದ.

"ನೀವು ಅಂದಿಲ್ಲ ಖರೆ. ಅಲ್ಲಂತನೂ ಅನ್ನಲಿಲ್ಲ."

ಗುರಪ್ಪ ಕೊಡ ಎತ್ತಿಕೊಂಡು ಮತ್ತೆ ನಳದ ಕಡೆಗೆ ನಡೆದ. ಎರಡು ವಾರ ಗಂಡ ಹೆಂಡಿರ ನಡುವೆ ಊಟಕ್ಕೆ ಬರ್ರಿ ಎನ್ನುವ ಮಾತಿನ ಹೊರತು ಬೇರೆ ಮಾತೇ ಇರಲಿಲ್ಲ.

ರಾಜಶ್ರೀಗೆ ಒಂದು ದಿನ ಬೆಳಗಿನ ರೊಟ್ಟಿ ಬಡಿಯುವ ಹೊತ್ತಿಗೆ ಬ್ಯಾನಿ ಶುರುವಾಯಿತು. ದವಾಖಾನೆಯ ಹೆರಿಗೆ ಕೋಣೆಗೆ ರಂಗವ್ವನನ್ನು ಖರೆಯೇ ಬಿಟ್ಟರು. ಮಗಳು ತಾಯಿಯ ಕೊರಳಿಗೆ ಜೋತುಬಿದ್ದು ನಿಂತಳು, ಅಡ್ಡಾಡಿದಳು, ಗುಟುಕು ಗುಟುಕಾಗಿ ನೀರು ಕುಡಿದಳು. ಮಧ್ಯಾಹ್ನ ಡಾಕ್ಟರಮ್ಮ ಬಂದು ಬ್ಯಾನಿ ಹೆಚ್ಚಾಗಲು ಸಲಾಯಿನಿಗೆ ಮದ್ದು ಹಾಕುವ ಮಾತಾಡಿದಾಗ, "ಅದು ಈಗ ಬೇಕಾ ಬೇಕೇನ್ರಿ ಮೇಡಂ? ಯಾಕ?" ಎಂದಳು ರಾಜಶ್ರೀ.

ಇನ್ನೇನು ಬೈಗುಳ ಬಂತು ಎಂದು ರಂಗವ್ವ ಕಣ್ಣು ಮುಚ್ಚಿದಳು. ಡಾಕ್ಟರಮ್ಮ ಬೈಯಲಿಲ್ಲ. ಕೂಸಿನ ಎದೆಬಡಿತ ಕೇಳಿ ನೋಡಿ, "ಕೂಸು ಆರಾಮ ಐತಿ. ಇನ್ನೊಂದು ತಾಸು ಅಡ್ಡಾಡಿ ನೋಡು. ಆಗಲೂ ಬ್ಯಾನಿ ಜೋರಾಗಲಿಲ್ಲಂದ್ರ ಹಾಕೂಣು," ಎಂದಳು. ಇಷ್ಟೇ. ಕೇಳಿದ್ದಕ್ಕೆ ಉತ್ತರ ಬಂದಿತ್ತು. ಹೀಗೂ ಇರುತ್ತದೆಂದು ರಂಗವ್ವ ಕನಸಿನಲ್ಲೂ ಎಣಿಸಿರಲಿಲ್ಲ.

ಮದ್ದು ಬೇಕಾಗಲಿಲ್ಲ. ಇಳಿಹೊತ್ತಿಗೆ ರಾಜಶ್ರೀ ಗಂಟಲು ಹರಿಯುವಂತೆ ಚೀರಿದಳು. ಯಾರೂ ಆಕೆಯ ಬಾಯಿ ಮುಚ್ಚಲಿಲ್ಲ. ಗಂಡುಕೂಸು ಹುಟ್ಟಿತು. ಒದ್ದೆ ಮೈಯಲ್ಲೇ ಅದನ್ನು ತಾಯಿಯ ಎದೆಯ ಮೇಲೆ ಮಲಗಿಸಿದರು.

ಮರುದಿನ ಗುರಪ್ಪನ ತಂಗಿ ಮಾಳವ್ವ ಕೂಸು ನೋಡಲು ಬಂದಳು. ವಾರ್ಡಿನ ತುಂಬ ಮಂದಿ ಇದ್ದರು. ಕೂಸು ಅತ್ತಿತೆಂದು ರಂಗವ್ವ ಬಗ್ಗಿದಳು.

"ವೈನಿ, ನೀ ತಡಿ," ಎಂದು ಮಾಳವ್ವ ಅಡ್ಡ ಕೈ ಹಾಕಿದಳು. "ಹಸಿಗೂಸು. ನಿನ್ನ ಕೈ ಬ್ಯಾಡ, ನಾ ಎತ್ತಿಕೋತೇನಿ."

ರಂಗವ್ವನ ಕೈಗಳು ರೂಢಿಯಂತೆ ತಾವಾಗಿಯೇ ಹಿಂದೆ ಸರಿದವು.

"ಮಾಳವ್ವಾ!"

ಬಾಗಿಲಲ್ಲಿ ಚಹಾದ ಥರ್ಮಾಸು ಹಿಡಿದು ನಿಂತಿದ್ದ ಗುರಪ್ಪನ ದನಿ. ಕುರಿ ಹಿಂಡು ಚದುರಿದಾಗ ಮಾತ್ರ ಆತ ಹಾಗೆ ಕೂಗುತ್ತಿದ್ದ. ವಾರ್ಡಿಗೆ ವಾರ್ಡೇ ತಿರುಗಿ ನೋಡಿತು.

"ಅಕಿ ಕೈಗೇನಾಗೇತಿ? ಅಕಿ ಅವತ್ತೂ ಏನೂ ತಪ್ಪು ಮಾಡಿರಲಿಲ್ಲ. ಅವ್ವ ಸುಳ್ಳ ಹೇಳಿದ್ಳು. ನಾ ಗಂಡಸಾಗಿ ಬಾಯಿ ಮುಚ್ಚಿಕೊಂಡು ಕುಂತೆ."

ಮಾಳವ್ವ ಕೈ ತೆಗೆದಳು. ಸತ್ತ ತಾಯಿಯ ಮೇಲೆ ಈತ ಒಂದು ಮಾತು ಆಡಿದ್ದನ್ನು ರಂಗವ್ವ ಕೇಳಿದ್ದೇ ಇಲ್ಲ. ಈಗ ನೆನಪಾಯಿತೇ ಎಂದು ಕೇಳಬೇಕೆನಿಸಿತು.

"ಯವ್ವಾ, ಕೂಸಿನ್ನ ಹಿಡಿ," ಎಂದಳು ರಾಜಶ್ರೀ. "ನಾ ಎದ್ದು ಕೂಡ್ತೇನಿ."

ರಂಗವ್ವ ಕೂಸನ್ನು ಎತ್ತಿಕೊಂಡಳು. ಅದರ ನೆತ್ತಿ ಅಂಗೈಯಲ್ಲಿ ಬಿಸಿಯಾಗಿ, ಮೆತ್ತಗೆ ಕೂತಿತು. ಗಂಡನ ಕಡೆ ನೋಡದೆಯೇ ಅಂದಳು:

"ಚಾ ಆರತೈತಿ. ನಿಂತು ಏನ ನೋಡ್ತೀರಿ, ಎಲ್ಲಾರಿಗೂ ಹಾಕ್ರಿ."

ಗುರಪ್ಪ ಥರ್ಮಾಸಿನ ಮುಚ್ಚಳ ತಿರುಗಿಸತೊಡಗಿದ.