ರೋಸ್ಮಿಯನ್ನು ಯಾರು ಕೂಡಿಹಾಕಿದ್ದಾರೆ?

ಕೇರಳದ ಚಾಲಕುಡಿಯ ಹತ್ತಿರದ ನಮ್ಮ ಓಣಿಯ ಔಸೇಫನ ಮಗಳು ರೋಸ್ಮಿ ಮನೆ ಬಿಟ್ಟು ಒಂಬತ್ತು ದಿನವಾಗಿತ್ತು. ಅವಳಿಗೆ ಇಪ್ಪತ್ತಮೂರು ವರ್ಷ. ಪಂಪ್‌ಸೆಟ್ ರಿಪೇರಿಯ ಅಭಿಲಾಷನನ್ನು ಮದುವೆಯಾಗುತ್ತೇನೆಂದು ನೋಂದಣಿ ಕಚೇರಿಯಲ್ಲಿ ಬರೆದುಕೊಟ್ಟು ಹೋಗಿದ್ದಳು. ಹುಡುಗ ನಮ್ಮ ಕ್ರೈಸ್ತ ಸಭೆಯವನಲ್ಲ.

ಸಂಜೆ ಔಸೇಫ ಒಂದು ಅರ್ಜಿಯ ಕಾಗದ ಹಿಡಿದು ನನ್ನ ಮನೆಗೆ ಬಂದ.

"ಪೌಲೋಸ್ ಚೇಟ್ಟಾ, ಈ ಹೇಬಿಯಸ್ ಕಾರ್ಪಸ್ ಅಂದ್ರೇನು? ನಾಳೆ ಎರ್ನಾಕುಲಂ ಹೈಕೋರ್ಟಿಗೆ ಹಾಕ್ತೀನಿ. ಪೊಲೀಸ್ರು ಹುಡುಗಿನ ತಂದು ನನ್ನ ಕೈಗೆ ಕೊಡ್ತಾರಂತೆ, ಹೌದಾ?"

"ಯಾರು ಹೇಳಿದ್ದು?"

"ಮೀನಂಗಡಿ ಲೋನಪ್ಪ."

"ಮೀನು ತಾಜಾನಾ ಅಂತ ಕೇಳಿದ್ರೇ ಅವ್ನು ನಿಜ ಹೇಳಲ್ಲ. ಕೂತ್ಕೋ."

ಯಾರನ್ನಾದರೂ ಬಲವಂತವಾಗಿ ಕೂಡಿಹಾಕಿದ್ದರೆ, ಅವರನ್ನು ಕರೆತಂದು ನಿಲ್ಲಿಸಿ ಎಂದು ಕೋರ್ಟನ್ನು ಬೇಡುವ ಅರ್ಜಿ ಅದು ಎಂದೆ.

"ಸರಿ. ನಿಲ್ಲಿಸಿದ ಮೇಲೆ ನನ್ನ ಕೇಳ್ತಾರೆ."

"ನಿನ್ನನ್ನಲ್ಲ, ಅವಳನ್ನ ಕೇಳ್ತಾರೆ. ವಯಸ್ಸೆಷ್ಟು, ಇಷ್ಟಪಟ್ಟೇ ಹೋದ್ಯಾ, ಈಗೆಲ್ಲಿಗೆ ಹೋಗ್ಬೇಕು ಅಂತ. ಬೇಕಾದ್ರೆ ಒಬ್ಬಳನ್ನೇ ಒಳಗೆ ಕರೆದು ಕೇಳ್ತಾರೆ."

"ಅಪ್ಪನ ಮಾತಿಗೆ ಬೆಲೆನೇ ಇಲ್ವಾ?"

"ಹದಿನೆಂಟು ತುಂಬಿದ ಮೇಲೆ ಬುದ್ಧಿ ಹೇಳಬಹುದು. ಹಿಡ್ಕೊಂಡು ಬರೋಕಾಗಲ್ಲ."

"ಮತ್ತೆ ನಿಮ್ಮ ಮಗಳು ಹೋದಾಗ ನೀವ್ಯಾಕೆ ಇದನ್ನೇ ಹಾಕಿದ್ರಿ?"

ಅವನು ಅದನ್ನು ಕೇಳುತ್ತಾನೆಂದು ನನಗೆ ಗೊತ್ತಿತ್ತು.

"ನಂಗೆ ಇದನ್ನೆಲ್ಲ ಹೇಳೋರಿರಲಿಲ್ಲ. ನನ್ನ ಬೀನಾ ಕೋರ್ಟಲ್ಲಿ ನನ್ನ ಮುಖ ನೋಡ್ದೆ, 'ನನ್ನ ಯಾರೂ ಕೂಡಿಹಾಕಿಲ್ಲ' ಅಂದ್ಲು. ಆಮೇಲೆ ಆರು ವರ್ಷ ಮಾತಿಲ್ಲ. ಮತ್ತೆ ನಾನವಳನ್ನ ನೋಡಿದ್ದು ಶವಪೆಟ್ಟಿಗೇಲಿ."

ಔಸೇಫ ಕಾಗದವನ್ನು ಮಡಿಸಿದ, ಮತ್ತೆ ಬಿಡಿಸಿದ.

"ನಿಜವಾಗ್ಲೂ ಕೂಡಿಹಾಕಿದ್ರೆ?"

"ಹಾಗಿದ್ರೆ ನಾಳೆ ಯಾಕೆ, ಈಗ್ಲೇ ಹೋಗೋಣ. ಆದ್ರೆ ಹೌದು ಅಂತ ನೀನು ದೇವರಾಣೆ ಮಾಡಿ ರುಜು ಹಾಕ್ಬೇಕು. ತಾಯಿಗೆ ಗೊತ್ತಿರುತ್ತೆ, ಮೊದ್ಲು ತ್ರೇಸ್ಯಾನ ಕೇಳು ನಡಿ."

ನಾವು ಹೋದಾಗ ಅವನ ಹೆಂಡತಿ ತ್ರೇಸ್ಯಾ ಸಂಜೆಯ ಜಪಸರಕ್ಕೆ ಮೊಣಕಾಲೂರಿದ್ದಳು. ನಾವೂ ಊರಿದೆವು. ಆ ಮನೆಯಲ್ಲಿ ಜಪಸರದ ಹತ್ತು ಹತ್ತು ಮಣಿಯ ಐದು ಸುತ್ತನ್ನು ಒಬ್ಬೊಬ್ಬರು ಸರದಿಯಂತೆ ಹೇಳುತ್ತಾರೆ. ಕೊನೆಯ ಹತ್ತು ಮಣಿ ರೋಸ್ಮಿಯದು. ಅವಳು ಹೋದಾಗಿನಿಂದ ಅದನ್ನು ಔಸೇಫನೇ ಹೇಳುತ್ತಿದ್ದ. ಅಂದು ಅವನು ಮೊದಲ ಮಣಿಯಲ್ಲೇ ನಿಲ್ಲಿಸಿದ.

ಆಗ ತ್ರೇಸ್ಯಾಳ ಸೆರಗಿನೊಳಗಿಂದ ಸಣ್ಣ ದನಿ ಕೇಳಿತು. "ನಮೋ ಮರಿಯಾ..."

ತ್ರೇಸ್ಯಾ ಅಳುತ್ತಾ ಫೋನನ್ನು ಹೊರಗೆ ತೆಗೆದಳು. "ರೋಸ್ಮಿ ದಿನಾ ಫೋನಲ್ಲಿ ನಮ್ಮ ಜಪ ಕೇಳಿಸ್ಕೋತಿದ್ಲು. ಬೈಬೇಡಿ. ಇವತ್ತು ನೀವು ನಿಲ್ಲಿಸಿದ್ರಲ್ಲ, ತಡೀಲಿಕ್ಕಾಗ್ಲಿಲ್ಲ ಅವಳಿಗೆ."

ಅವಳ ಜಪಕ್ಕೆ ಉತ್ತರದ ಸಾಲನ್ನು ಈಗ ಔಸೇಫ ಹೇಳಬೇಕಿತ್ತು. ಹೇಳಿದ. ಹತ್ತು ಮಣಿಯೂ ಮುಗಿದವು.

"ರೋಸ್ಮೀ, ಹೊರಗಿಂದ ಬೀಗ ಹಾಕಿದ್ದಾರಾ?"

"ಇಲ್ಲ ಅಪ್ಪಚ್ಚಾ. ಒಳಗಿಂದ ನಾನೇ ಚಿಲಕ ಹಾಕ್ಕೊಂಡಿದೀನಿ. ನೀವು ಜನ ಕಟ್ಕೊಂಡು ಬರ್ತೀರಿ ಅಂತ."

ಔಸೇಫ ಕಾಗದವನ್ನು ನನ್ನ ಕೈಗಿಟ್ಟ.

"ಚಿಲಕ ತೆಗಿ ಮಗಳೇ. ನಾನು, ಅಮ್ಮಚ್ಚಿ, ಇಬ್ರೇ ಬರ್ತೀವಿ. ಊಟ ಆಯ್ತಾ?"

ತಂದೆತಾಯಿಗಳೇ, ಮಕ್ಕಳನ್ನು ಯಾರಾದರೂ ನಿಜವಾಗಿ ಹಿಡಿದಿಟ್ಟಿದ್ದರೆ ಒಂದು ಗಳಿಗೆಯೂ ತಡಮಾಡಬೇಡಿ, ಕೋರ್ಟಿನ ಬಾಗಿಲು ತಟ್ಟಿ. ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಬಿಟ್ಟಿಯಾಗಿ ಸಲಹೆ ಸಿಗುತ್ತದೆ. ವಯಸ್ಸಿಗೆ ಬಂದ ಮಗಳು ತಾನೇ ಆರಿಸಿಕೊಂಡು ಹೋಗಿದ್ದರೆ, ರುಜು ಹಾಕುವ ಮೊದಲು ಅವಳಿಗೆ ಫೋನ್ ಮಾಡಿ. ಊಟ ಆಯ್ತಾ ಎಂದು ಕೇಳಿ. ನಾನು ಈಗ ಯಾರನ್ನು ಕೇಳಲಿ?